ಭಾಗ ಎರಡರ ವಿಲನ್

ಕಲ್ಲುಕ್ವಾರಿಯ ಬಳಿ ಜೀಪು ನಿಂತಿತು. ಕಪ್ಪು ಕನ್ನಡಕದ ಇಬ್ಬರು ಪೊಲೀಸರು ಆರೋಪಿಯನ್ನು ಕೆಳಗೆ ದಬ್ಬಿ ಬೇಡಿ ಬಿಚ್ಚಿದರು.

“ಓಡೋ!” ಇಬ್ಬರಲ್ಲಿ ಮೀಸೆಯವನು ಪಿಸ್ತೂಲಿನ ಹಿಡಿಯಿಂದ ಅವನ ಬಾಯಿಗೆ ಗುದ್ದಿದ. ಎರಡು ಹಲ್ಲು ಉದುರಿದವು.

“ಓಡಲ್ಲ ಸಾರ್. ಆ ಜೋಡಿ ಪೊಲೀಸ್ ಸಿನಿಮಾ ನಾನೂ ನೋಡಿದೀನಿ. ವಿಲನ್ ಓಡ್ತಿದ್ದಂಗೆ ಬೆನ್ನಿಗೆ ಗುಂಡು ಹಾರಿಸ್ತಾರೆ.”

“ಎರಡನೇ ಭಾಗ ನೋಡಿದ್ಯಾ?”

“ಇಲ್ಲ ಸಾರ್. ಅದು ರಿಲೀಸ್ ಆದಾಗ ಜೈಲಲ್ಲಿದ್ದೆ.”

“ಛೆ! ಮೊದಲ್ನೇದನ್ನೂ ಮೀರಿಸ್ಬಿಟ್ಟಿದೆ ಕಣೋ.”

ಮೀಸೆಯವನು ಜೀಪಿನಿಂದ ಮಚ್ಚು ತಂದ. ಜೊತೆಗಾರ ಪೊಲೀಸ್ ತನ್ನ ಎಡಗೈ ಚಾಚಿದ. “ಮೆಲ್ಲಗೆ ಗುರೂ. ಹೋದ್ಸಲ ಎಂಟು ಹೊಲಿಗೆ ಬಿತ್ತು.”

ಚಾಚಿದ ಕೈಯ ಮೇಲೆ ಮಚ್ಚು ಬಿತ್ತು, ಜೊತೆಗಾರನ ರಕ್ತ ಆರೋಪಿಯ ಮುಖಕ್ಕೆ ಚಿಮ್ಮಿತು. ಮೀಸೆಯವನು ಅದೇ ಮಚ್ಚನ್ನು ಆರೋಪಿಯ ಕೈಗೆ ತುರುಕಿ, ನಾಲ್ಕು ಹೆಜ್ಜೆ ಹಿಂದೆ ಸರಿದು, ಅವನ ಎದೆಗೆ ಗುರಿಯಿಟ್ಟ.

“ಅದ್ರಲ್ಲಿ ವಿಲನ್ ಓಡಲ್ಲ. ಪೊಲೀಸರ ಮೇಲೇ ಬೀಳ್ತಾನೆ.”