ಮೂಡಲ ಕಿಟಕಿ

ಗಾಜಿನ ಕೆಲಸದ ಫಕ್ರುದ್ದೀನ್ ಸಾರುವೆಯ ಹಲಗೆಯ ಮೇಲೆ ನಿಂತು ಚರ್ಚಿನ ಮೂಡಲ ಕಿಟಕಿಯ ಮೊದಲ ಗಾಜನ್ನು ಬಿಡಿಸಿದಾಗ ದಯಾಮಣಿ ಎಂದಿನ ಜಾಗದಲ್ಲೇ, ಮುಂದಿನ ಬೆಂಚಿನ ತುದಿಯಲ್ಲಿ ಕುಳಿತಿದ್ದಳು. ಅದು ಕುರಿ ಹೊತ್ತ ಯೇಸುವಿನ ಪಾದವಿದ್ದ ತುಂಡು. ಅವನು ಅದನ್ನು ಎರಡೂ ಕೈಯಲ್ಲಿ ಹಿಡಿದು ಇಳಿದು ಬಂದು, ಹುಲ್ಲು ಹಾಸಿದ ಮರದ ಪೆಟ್ಟಿಗೆಯಲ್ಲಿ ಮಲಗಿಸಿದ.

"ಗಾಜು ಇಡ್ಕಂಡಿರೋ ಸೀಸದ ಪಟ್ಟಿ ಮುಟ್ಟಿದ್ರೆ ಮುರೀತಾ ಅದೆ ಟೀಚರಮ್ಮ. ಇನ್ನೊಂದು ಮಳೆಗಾಲ ತಡೀತಿರಲಿಲ್ಲ."

"ಅಯ್ಯನವರೂ ಹಾಗೇ ಅಂದ್ರು," ಎಂದಳು ದಯಾಮಣಿ.

ರೈಲು ದಾರಿ ಹಾಕಿಸಲು ಬಂದ ಇಂಗ್ಲಿಷರು ಮದ್ದೂರಿನ ಹೊರಗೆ ತಮ್ಮೂರಿನ ನೆನಪಿಗೆಂದು ಕಟ್ಟಿಕೊಂಡ ಚರ್ಚು ಅದು. ಇಟ್ಟಿಗೆ, ಗಾರೆ, ಚೂಪು ಕಮಾನು, ದೋಣಿಯನ್ನು ಕವುಚಿಟ್ಟಂಥ ತೇಗದ ಸೂರು. ಅವರು ಹೋದ ಮೇಲೆ ರೈಲ್ವೆಯವರ ಸಂಸಾರಗಳು ತುಂಬಿಕೊಂಡಿದ್ದವು. ಅವರೂ ವರ್ಗವಾಗಿ ಹೋದರು. ಹೋದ ವರ್ಷ ಗಂಡ ಸತ್ಯವಂತ ತೀರಿಕೊಂಡ ಮೇಲೆ ಸಭೆ ಎಂದರೆ ದಯಾಮಣಿ ಒಬ್ಬಳೇ. ಪ್ರತಿ ಭಾನುವಾರ ತಾನೇ ಬಾಗಿಲು ತೆಗೆದು, ಹಾಡಿ, ಬೀಗ ಹಾಕಿಕೊಂಡು ಹೋಗುತ್ತಿದ್ದಳು. ತಿಂಗಳಿಗೊಮ್ಮೆ ಮಂಡ್ಯದಿಂದ ಬರುತ್ತಿದ್ದ ಪಾದ್ರಿ ಅಯ್ಯನವರು ಅವಳೊಬ್ಬಳನ್ನೇ ನೋಡುತ್ತಾ "ಸಹೋದರ ಸಹೋದರಿಯರೇ" ಎಂದು ಶುರು ಮಾಡುತ್ತಿದ್ದರು. ಕಳೆದ ಸಲ ಪ್ರಸಂಗವನ್ನು ಅರ್ಧಕ್ಕೇ ನಿಲ್ಲಿಸಿ ಬಂದು ಅವಳ ಪಕ್ಕ ಕುಳಿತರು. ನಾಲೆಯ ತೇವ ಕುಡಿದು ಬಡಗಲ ಗೋಡೆ ಮೇಲಿಂದ ಕೆಳಗಿನವರೆಗೂ ಸೀಳಿತ್ತು.

"ಒಬ್ಬರಿಗೋಸ್ಕರ ಬಾಗಿಲು ತೆಗೆಯೋದು ನನಗೆ ಕಷ್ಟ ಅಲ್ಲಮ್ಮ. ಈ ಗೋಡೆ ನಿಮ್ಮ ಮೇಲೆ ಬಿದ್ದರೆ ಯಾರಿಗೂ ಗೊತ್ತಾಗೋದೂ ಇಲ್ಲ. ಗಾಜನ್ನ ಮಂಡ್ಯದ ಹೊಸ ಚರ್ಚಿಗೆ ಹಾಕಿಸೋಣ. ನೀವೂ ಅಲ್ಲಿಗೇ ಬಂದುಬಿಡಿ."

ಅವಳು ಆಗಲಿ ಎಂದಿದ್ದಳು. ಆಗಲಿ ಎಂದು ಮನೆಗೆ ಹೋಗಿ, ಒಲೆ ಹಚ್ಚದೆ ಗೋಡೆಗೆ ಮುಖ ಮಾಡಿ ಮಲಗಿದ್ದಳು.

ಈಗ ಒಂದೊಂದೇ ತುಂಡು ಕಳಚುತ್ತಿದ್ದಂತೆ ನೆಲದ ಮೇಲಿದ್ದ ಕೆಂಪು ನೀಲಿ ಬೆಳಕು ಹಿಂದೆ ಸರಿದು, ಆ ಜಾಗಕ್ಕೆ ಬರಿಯ ಬಿಸಿಲು ಬಂತು. ಬಾವಲಿಯ ಹಿಕ್ಕೆ, ಗೆದ್ದಲು ತಿಂದ ಬೆಂಚಿನ ಕಾಲು, ಗೋಡೆಯ ಬಿರುಕಿನೊಳಗೆ ಬೇರಿಳಿಸಿದ ಅರಳಿ ಸಸಿ, ಎಲ್ಲವೂ ಒಮ್ಮೆಗೇ ಕಂಡವು. ತನ್ನ ಸೀರೆಯ ಮಾಸಲೂ ಕಂಡಿತು. ಅವಳು ಸೆರಗು ಎಳೆದುಕೊಂಡಳು. ಕಿಟಕಿಯ ಕೆಳ ಅರ್ಧ ಬರಿದಾಗಿ, ಆಚೆ ನಾಲೆಯ ಏರಿ, ಅದರಾಚೆ ಕಬ್ಬಿನ ಗದ್ದೆ ಕಾಣುತ್ತಿತ್ತು.

ಏರಿ ದಾಟಿ ಹೆಂಗಸೊಬ್ಬಳು ಹುಲ್ಲು ಕೊಯ್ಯುವ ಕುಡುಗೋಲು ಹಿಡಿದೇ ಕಿಟಕಿಯ ಹತ್ತಿರ ಬಂದು ನಿಂತಳು.

"ಗಾಜ್ ಯಾಕ್ ಕೀಳ್ತಾ ಇದ್ದೀಯಪ್ಪ?"

"ಮಂಡ್ಯಕ್ಕೆ ಓಯ್ತದೆ," ಎಂದ ಫಕ್ರುದ್ದೀನ್.

"ಪದ ಏಳೋ ಅಮ್ಮಾರು?"

"ಅವ್ರೂ ಅಲ್ಲಿಗೇಯ. ಅಗೋ, ಅಲ್ಲೇ ಅವ್ರಲ್ಲ."

ಹೆಂಗಸು ತಲೆ ತೂರಿಸಿ ನೋಡಿದಳು. ದಯಾಮಣಿಗೆ ಏಳಲೇಬೇಕಾಯಿತು. ಎದ್ದು ಹತ್ತಿರ ಹೋದಳು.

"ನೀವೇಯಾ? ಗಂಟ್ಲು ಕೇಳಿ ಎಳೇ ವಯಸ್ನೋರು ಅಂದ್ಕಂಡಿದ್ದೆ ಕಣಮ್ಮ. ನಾನು ಚಿಕ್ಕಬೋರಮ್ಮ, ನಾಲೆ ಆಚೆ ಮನೆ. ಬಾನುವಾರ ಮಾತ್ರ ಈ ಕಡೀಕೇ ಬಂದು ಉಲ್ಲು ಕುಯ್ಯೋದು. ಪದ ಕೇಳ್ಬೋದಲ್ಲ ಅಂತ. ಇವತ್ತು ಸನಿವಾರ, ಟಕಟಕ ಸದ್ದಾಯ್ತಲ್ಲ ಅಂತ ಬಂದೆ."

"ಒಳಗೆ ಬರಬಹುದಿತ್ತಲ್ಲಮ್ಮ."

"ಬರಬೋದೋ ಬ್ಯಾಡ್ವೋ, ಯಾರ್ನ ಕೇಳಾನ?" ಎಂದು ಚಿಕ್ಕಬೋರಮ್ಮ ಕಿಟಕಿಯ ಕಲ್ಲಿಗೆ ಮೊಣಕೈ ಊರಿದಳು. "ಇನ್ನೊಬ್ರು ಇದ್ರಲ್ಲಮ್ಮ, ದಪ್ಪ ಗಂಟ್ಲಿನೋರು. ನೀವು ಪದ ಮುಗಿಸಿದ ಮ್ಯಾಲೂ ಅವ್ರುದು ಒಂದೆಳೆ ಇನ್ನೂ ಓಯ್ತಾನೇ ಇರೋದು. ನಂಗೆ ನಗು ಬತ್ತಿತ್ತು. ಓದ್ವರ್ಸದಿಂದ ಕೇಳ್ತಾನೇ ಇಲ್ಲ. ಮಾತು ಬುಟ್ಬುಟ್ರಾ ಇಬ್ರೂವೆ?"

ದಯಾಮಣಿ ಕಿಟಕಿಯ ಅಂಚನ್ನು ಹಿಡಿದುಕೊಂಡಳು. ಸತ್ಯವಂತ ಹೋದಾಗ ಬಂದವರೆಲ್ಲ ಒಳ್ಳೆಯ ಮನುಷ್ಯ ಎಂದಿದ್ದರು, ಬಿ.ಪಿ. ಇತ್ತಾ ಎಂದು ಕೇಳಿದ್ದರು. ಅವನ ಹಾಡಿನ ಮಾತು ಯಾರ ಬಾಯಲ್ಲೂ ಬಂದಿರಲಿಲ್ಲ. ಅದನ್ನು ಕೇಳಿದವಳು ತಾನೊಬ್ಬಳೇ ಎಂದುಕೊಂಡಿದ್ದಳು.

"ತೀರಿಕೊಂಡ್ರು," ಎಂದಳು. "ನಮ್ಮ ಯಜಮಾನರು."

ಚಿಕ್ಕಬೋರಮ್ಮ ಕುಡುಗೋಲನ್ನು ಕಲ್ಲಿನ ಮೇಲಿಟ್ಟಳು. ನಾಲೆಯ ನೀರಿನ ಸದ್ದು ಮೊದಲ ಬಾರಿಗೆ ಚರ್ಚಿನೊಳಗೆ ಕೇಳಿಸುತ್ತಿತ್ತು.

"ಅಂಗಾರೆ ಇಷ್ಟು ದಿನ ಒಬ್ರೇ ಏಳ್ಕಂಡಿದ್ರಾ," ಎಂದಳು ಕೊನೆಗೆ. ಸೆರಗಿನಿಂದ ಕೈ ಒರೆಸಿಕೊಂಡು, "ನಾಳೀಕೆ ನೀವಿರಾಕಿಲ್ವಲ್ಲ. ಒಂದು ಪದ ಏಳ್ಬುಡಿ ಅತ್ಲಾಗೆ."

ದಯಾಮಣಿ ಫಕ್ರುದ್ದೀನನ ಕಡೆ ನೋಡಿದಳು. ಅವನು ಉಳಿಯನ್ನು ಪಕ್ಕಕ್ಕಿಟ್ಟು, ಹಲಗೆಯ ಮೇಲೆ ಕಾಲು ಇಳಿಬಿಟ್ಟು ಕುಳಿತ. ಅವಳು ಗಂಟಲು ಸರಿಮಾಡಿಕೊಂಡು, ಕಬ್ಬಿನ ಗದ್ದೆಗೆ ಮುಖ ಮಾಡಿ ನಿಂತು ಹಾಡಿದಳು. ಕೊನೆಯ ಸಾಲನ್ನು ನಿಧಾನವಾಗಿ, ಒಂದಕ್ಷರವೂ ಬಿಡದೆ ಹೇಳಿ ಮುಗಿಸಿದಳು.

ಫಕ್ರುದ್ದೀನ್ ಉಳಿಗೆ ಕೈ ಚಾಚಿದ. ಚಿಕ್ಕಬೋರಮ್ಮ ತಡಿ ಎಂಬಂತೆ ಅವನತ್ತ ಕೈ ಎತ್ತಿದಳು. ಕಿಟಕಿಗೆ ಕಿವಿ ಕೊಟ್ಟು, ಪದ ಮುಗಿದ ಮೇಲಿನ ಆ ಒಂದೆಳೆಯನ್ನು ಅವಳು ಇನ್ನೂ ಕೇಳುತ್ತಲೇ ನಿಂತಿದ್ದಳು.