ತೊಳೆದ ಶೂ

ಮಾಸ್ತಮ್ಮ ಎಡಗಾಲಿನ ಶೂ ಒಳಗೆ ಕೈ ತೂರಿಸಿ, ಹಿಮ್ಮಡಿಯ ಜಾಗದ ಫೋಮನ್ನು ಹೆಬ್ಬೆರಳಿನಿಂದ ಒತ್ತಿ, ಅದು ಮತ್ತೆ ಉಬ್ಬಿ ಬರುವುದನ್ನು ಕಾಯುತ್ತಿದ್ದಳು. ಅಷ್ಟರಲ್ಲಿ ನಿರಂಜನ ಬಂದು ಅವಳ ಮುಂದೆ ಒಂದು ಪ್ಲಾಸ್ಟಿಕ್ ಚೀಲ ಇಟ್ಟ. ಬೆಳಿಗ್ಗೆ ಅವಳೇ ಅವನ ಮೇಜಿನ ಮೇಲೆ ಇಟ್ಟು ಬಂದಿದ್ದ ಚೀಲ.

"ಮಾಸ್ತಕ್ಕ, ಏನಿದು?"

"ಟೆಸ್ಟಿಗೆ ಅಂತ ಕೊಟ್ಟಿದ್ರಲ್ಲ ಸಾರ್, ಅದೇ ಶೂ. ತಿಂಗಳಾಯ್ತು, ವಾಪಸ್ ತಂದೆ."

ನಿರಂಜನ ಒಂದು ಶೂ ತೆಗೆದು ಮೂಸಿದ. ಭದ್ರಾವತಿಯ ಆ ಕಾರ್ಖಾನೆಯಲ್ಲಿ ಓಟದ ಶೂಗಳ ಗುಣಮಟ್ಟ ನೋಡುವವನು ಅವನು. ಮೂಸುವುದೂ ಅವನ ಕೆಲಸವೇ. ಹೊಸ ಕಡೆಯಿಂದ ಫೋಮ್ ತರಿಸಿದಾಗಲೆಲ್ಲ ಅದರಿಂದ ಮಾಡಿದ ಒಂದು ಜೊತೆಯನ್ನು ಕೆಲಸದವರಲ್ಲಿ ಯಾರಾದರೂ ತಿಂಗಳ ಕಾಲ ಹಾಕಿಕೊಂಡು ವಾಪಸ್ ಕೊಡಬೇಕು, ಆಮೇಲೆ ಅದನ್ನು ಸೀಳಿ ಒಳಗೆ ಏನಾಗಿದೆ ಎಂದು ನೋಡಬೇಕು. ಈ ಸಲ ಅಳತೆ ಸರಿಹೋದದ್ದು ಮಾಸ್ತಮ್ಮನ ಕಾಲಿಗೆ. ಆದರೆ ಈಗ ಅವನ ಮೂಗಿಗೆ ಬಂದದ್ದು ಬಟ್ಟೆ ಸೋಪಿನ ವಾಸನೆ.

"ತೊಳ್ದಿದೀರಾ?"

"ಮತ್ತೆ? ಯಾರದ್ದೋ ಪಾತ್ರೆ ಈಸ್ಕೊಂಡ್ರೆ ತಿಕ್ಕದೆ ವಾಪಸ್ ಕೊಡ್ತೀವಾ ಸಾರ್?"

"ಅಯ್ಯೋ ಮಾರಾಯ್ತಿ, ಆ ಕೊಳೆನೇ ನಂಗೆ ಬೇಕಾಗಿದ್ದು! ಎಲ್ಲೆಲ್ಲಿ ತಿರುಗಾಡಿದೀರಿ, ಎಷ್ಟು ಬೆವರಿದೆ ಅಂತ ನಾನು ಹೆಂಗೆ ನೋಡ್ಲಿ?"

ಪಕ್ಕದಲ್ಲಿ ಲೇಸ್ ಪೋಣಿಸುತ್ತಿದ್ದ ಲಿಖಿತಾ ಕಿಸಕ್ಕನೆ ನಕ್ಕಳು. ಅವಳು ಮಾಸ್ತಮ್ಮನ ನಾದಿನಿಯ ಮಗಳು. ಇಬ್ಬರೂ ಶಿವಮೊಗ್ಗದ ರಾಗಿಗುಡ್ಡದಲ್ಲಿ ಒಂದೇ ಬೀದಿಯವರು, ಒಂದೇ ಕಂಪನಿ ಬಸ್ಸಿನಲ್ಲಿ ಬರುವವರು. ಮಾಸ್ತಮ್ಮ ಇಲ್ಲಿ ಸೀನಿದರೆ ಸಂಜೆಯೊಳಗೆ ಅಲ್ಲಿ ಯಾರಾದರೂ ಕಷಾಯ ಕಾಸಿಟ್ಟಿರುತ್ತಿದ್ದರು.

"ಅತ್ತೆ ಹಾಕ್ಕೊಂಡೇ ಇರಲ್ಲ ಸಾರ್. ಸೀರೆ ಕೆಳಗೆ ಈ ಗಿಳಿ ಹಸಿರು ಶೂ! ನಾನಂತೂ ಒಂದಿನಾನೂ ನೋಡಿಲ್ಲ."

"ಹಾಕ್ಕೊಂಡಿದೀನಿ ಕಣೆ."

"ಎಲ್ಲಿಗೆ?"

"ಹಾಲು ತರಕ್ಕೆ," ಎಂದಳು ಮಾಸ್ತಮ್ಮ, ಇನ್ನೊಂದು ಶೂ ಒಳಗೆ ಕೈ ತೂರಿಸುತ್ತಾ.

ನಿರಂಜನ ಮಾತು ಬೆಳೆಸದೆ ಆ ಜೊತೆಯನ್ನು ಕಟಿಂಗ್ ಮಷಿನ್ನಿಗೆ ಒಯ್ದು ತುದಿಯಿಂದ ಹಿಮ್ಮಡಿಯವರೆಗೆ ಉದ್ದಕ್ಕೆ ಸೀಳಿಸಿಕೊಂಡು ಬಂದ. ಬ್ರೆಡ್ಡಿನ ಹೋಳಿನಂತೆ ಬಿಳಿ ಫೋಮ್ ಕಾಣುತ್ತಿತ್ತು. ಹಿಮ್ಮಡಿಯ ಕೆಳಗೆ ಅಷ್ಟೇನೂ ತಗ್ಗಿರಲಿಲ್ಲ. ಮುಂಗಾಲಿನ ಕೆಳಗೆ ಮಾತ್ರ ಸ್ಪಷ್ಟವಾಗಿ ಕುಗ್ಗಿತ್ತು. ಅವನ ಮುಖವೂ ಕುಗ್ಗಿತು.

"ಹಾಲಿನ ಬೂತ್ ಎಷ್ಟು ದೂರ?"

"ಹತ್ರಾನೇ ಸಾರ್, ನಮ್ಮ ಬೀದಿ ಕೊನೇಲಿ," ಲಿಖಿತಾಳೇ ಹೇಳಿದಳು.

"ಅಷ್ಟಕ್ಕೇ ಹಿಂಗಾಗಿದೆ ಅಂದ್ರೆ ಈ ಫೋಮ್ ದಂಡ. ಲಾಟ್ ಪೂರ್ತಿ ವಾಪಸ್ ಕಳಿಸ್ತೀನಿ. ಬೇರೆ ಫೋಮ್ ಬರೋ ತನಕ ಲೈನ್ ನಿಲ್ಲಿಸ್ಬೇಕು, ಇನ್ನೇನ್ ಮಾಡೋದು." ಅವನು ಫೋನ್ ತೆಗೆದ. ಲೈನ್ ನಿಂತರೆ ಹೆಂಗಸರೆಲ್ಲ ಸಂಬಳವಿಲ್ಲದೆ ಮನೆಯಲ್ಲಿ ಕೂರಬೇಕು. ಸುತ್ತಲಿನ ಮೇಜುಗಳಲ್ಲಿ ಕೈಗಳು ನಿಂತವು.

ಮಾಸ್ತಮ್ಮ ಸೀಳಿದ ಶೂವನ್ನೇ ನೋಡಿದಳು. ಪಾಪದ ಫೋಮ್. ಅದರದ್ದೇನೂ ತಪ್ಪಿರಲಿಲ್ಲ. ಅವಳು ಒಮ್ಮೆ ಲಿಖಿತಾಳತ್ತ, ಒಮ್ಮೆ ನಿರಂಜನನ ಕೈಯಲ್ಲಿದ್ದ ಫೋನಿನತ್ತ ನೋಡಿದಳು.

"ಫೋನ್ ಇಡಿ ಸಾರ್. ನಾನು ಅದರಲ್ಲಿ ನಡೆದಿದ್ದಲ್ಲ. ಓಡಿದ್ದು."

"ಏನು?"

"ದಿನಾ. ಗುಡ್ಡ ಸುತ್ತಿ."

ಲಿಖಿತಾಳ ಕೈಯಿಂದ ಲೇಸ್ ಜಾರಿತು. "ಅತ್ತೆ! ಬೂತಲ್ಲಿ ಕ್ಯೂ ಇರುತ್ತೆ, ಅದಕ್ಕೇ ಕಾಫಿ ಲೇಟು ಅಂತಿದ್ರಲ್ಲ ಕೃಷ್ಣಪ್ಪ ಮಾವ! ಯಾರು ಅಟ್ಟಿಸ್ಕೊಂಡು ಬಂದಿದ್ರು ನಿಮ್ಮನ್ನ?"

"ಮೊದಲ್ನೇ ದಿನ ನಾಯಿ. ಅದು ಆಮೇಲೆ ನಿಂತ್ಕೊಳ್ತು. ನಾನು ನಿಲ್ಲಲಿಲ್ಲ."

ಹೆಂಗಸರೆಲ್ಲ ಹೋ ಎಂದು ನಕ್ಕರು. ಯಾರೋ, "ಸೀರೇಲೇನಾ ಮಾರಾಯ್ತಿ?" ಎಂದರು. "ಹ್ಞೂಂ, ಎತ್ತಿ ಕಟ್ಟಿ. ಹಾಲಿನ ಕ್ಯಾನ್ ಬೇರೆ ಕೈಯಲ್ಲಿ," ಎಂದಳು ಮಾಸ್ತಮ್ಮ. ಕಿವಿಯವರೆಗೂ ಬಿಸಿಯಾಗಿತ್ತು.

ನಿರಂಜನ ಮಾತ್ರ ನಗಲಿಲ್ಲ. ಮುಂಗಾಲಿನ ಜಾಗವನ್ನು ಹೆಬ್ಬೆರಳಿನಿಂದ ಒತ್ತಿ ಬಿಟ್ಟ. ಫೋಮ್ ಮೆಲ್ಲಗೆ ಎದ್ದು ಬಂತು. ಇನ್ನೊಮ್ಮೆ ಒತ್ತಿದ. ಮತ್ತೆ ಎದ್ದಿತು. "ತಿಂಗಳಿಡೀ ಗುಡ್ಡ ಸುತ್ತಿ ಓಡಿದ್ರೂ ಇಷ್ಟೇ ತಗ್ಗಿದ್ಯಾ? ಚಿನ್ನದಂಥ ಫೋಮು!" ಎಂದು ಫೋನನ್ನು ಜೇಬಿಗಿಳಿಸಿದ. ಲೈನ್ ಮತ್ತೆ ಸದ್ದು ಮಾಡತೊಡಗಿತು. ಸಂಜೆ ಹೊರಡುವಾಗ ಅವನು ಅವಳ ಕೈಗೆ ಹೊಸ ಡಬ್ಬಿಯೊಂದನ್ನು ಕೊಟ್ಟ. "ಇನ್ನೊಂದು ಬಣ್ಣ ಬಂದಿದೆ, ಇದಕ್ಕೂ ಒಂದು ತಿಂಗಳು. ಆದ್ರೆ ದಮ್ಮಯ್ಯ ಅಂತೀನಿ, ತೊಳೀಬೇಡಿ. ಇದು ಪಾತ್ರೆ ಅಲ್ಲ."

ಬಸ್ಸಿನಲ್ಲಿ ಲಿಖಿತಾ ಫೋನ್ ಕೈಯಲ್ಲಿ ಹಿಡಿದು ಚಡಪಡಿಸಿದಳು. "ಅತ್ತೆ, ಅಮ್ಮಂಗೆ ಹೇಳ್ಲಾ, ಬೇಡ್ವಾ?"

ಪಾತ್ರೆಯ ನೆಪ ಮಾಸ್ತಮ್ಮನಿಗೆ ಹೊಳೆದದ್ದು ನಿರಂಜನ ಕೇಳಿದಾಗಲೇ. ತಿಂಗಳಿಡೀ ಅವಳು ಮನೆಯವರ ಕಣ್ಣಿಗೆ ಬೀಳದಂತೆ ತಾರಸಿಯ ನಲ್ಲಿಯ ಕೆಳಗೆ ಕೆಮ್ಮಣ್ಣು ಉಜ್ಜಿ ತೆಗೆದು, ಶೂಗಳನ್ನು ನೀರಿನ ಟ್ಯಾಂಕಿನ ಹಿಂದೆ ಒಣಗಲು ಇಡುತ್ತಿದ್ದಳು. ಮಡಿಲಲ್ಲಿದ್ದ ಡಬ್ಬಿಯ ಮುಚ್ಚಳ ತುಸು ಸರಿಸಿ ನೋಡಿದಳು. ಈ ಸಲದ್ದು ದಾಸವಾಳದ ಕೆಂಪು.

ನಾಳೆ ಗುಡ್ಡ ಸುತ್ತಿ ಬಂದ ಮೇಲೆ ತಾರಸಿಗೆ ಹೋಗಬಾರದು. ಮಣ್ಣು ಮೆತ್ತಿದ ಹಾಗೆಯೇ ಶೂ ಬಿಚ್ಚಿ, ಬೀದಿ ಬಾಗಿಲ ಮೆಟ್ಟಿಲ ಮೇಲೆ, ಗಂಡ ಕೃಷ್ಣಪ್ಪನ ಚಪ್ಪಲಿಯನ್ನು ಸ್ವಲ್ಪ ಆಚೆಗೆ ಸರಿಸಿ, ಅಲ್ಲಿ ಇಡಬೇಕು. ಅಷ್ಟನ್ನು ಯೋಚಿಸಿ ಅವಳು ಡಬ್ಬಿ ಮುಚ್ಚಿ, ಲಿಖಿತಾಳತ್ತ ತಿರುಗಿ, "ಹೇಳು ಕಣೆ. ಓಡಿ ಬಂದ್ಮೇಲೆ ಹಸಿವಾಗುತ್ತೆ, ನಾಳೆ ತಿಂಡಿಗೆ ಏನ್ ಮಾಡ್ತಿದಾಳೆ ನಿಮ್ಮಮ್ಮ?" ಎಂದಳು.