ಚಂದ್ರನ ಕತ್ತಲಲ್ಲಿ ಕೀಬೋರ್ಡು

ಚಂದ್ರನ ಮೇಲಿನ ಆ ಊರಲ್ಲಿ ಸೂರ್ಯ ಮುಳುಗಿದನೆಂದರೆ ಎರಡು ವಾರ ದೀಪ, ಕಂಪ್ಯೂಟರಿನ ಪರದೆ ಹಚ್ಚುವಂತಿಲ್ಲ. ಇದ್ದ ಕರೆಂಟೆಲ್ಲ ಊರನ್ನು ಬೆಚ್ಚಗಿಡಲಿಕ್ಕೇ ಬೇಕು. ನೀರಿನ ಗಾಡಿ ದಾರಿ ತಪ್ಪಿತ್ತು. ದಾರಿಯನ್ನು ಟೈಪ್ ಮಾಡಿ ಕಳಿಸಲು ಕುಳಿತ ಟೈಪಿಂಗ್ ಕಲಿಸುವ ಗುರುಪಾದಪ್ಪ ಮಾಸ್ತರರು ಗೊಣಗುತ್ತ ಕೀಲಿಗಳನ್ನು ತಡಕಾಡಿದರು. ತಪ್ಪು ಕೀಲಿ ಒತ್ತಿದಾಗಲೆಲ್ಲ ಯಂತ್ರ ಕುಂಯ್‌ಗುಟ್ಟಿತು.

ಹುಟ್ಟಿನಿಂದ ಕಣ್ಣಿಲ್ಲದ ಶಿಷ್ಯೆ ನೀಲವ್ವನಿಗೆ, ಅವರ ದನಿ ಮೇಜಿನತ್ತ ಬಾಗಿದ್ದು ಕೇಳಿ ನಗು ಬಂತು.

“ಕತ್ತಲಾಗ ಬಗ್ಗಿ ಏನ್ ನೋಡಾಕತ್ತೀರಿ, ಮಾಸ್ತರ? ನಡುವಿನ ಎರಡು ಕೀಲಿಯ ಉಬ್ಬುಗೆರಿ ಮ್ಯಾಲ ತೋರಬೆರಳು ಇಡು ಅಂತ ನನಗ ದಿನಾ ಹೇಳ್ತಿದ್ರಲ್ಲ!”

“ಹೇಳೋದು ಬ್ಯಾರೆ, ಮಾಡೋದು ಬ್ಯಾರೆವ್ವ. ನೀನ ಕುಂದ್ರು.”

ನೀಲವ್ವ ಬೆನ್ನು ನೆಟ್ಟಗೆ ಮಾಡಿ ಕುಳಿತಳು. ಕೀಲಿಗಳು ಟಪಟಪ ಸದ್ದು ಮಾಡಿದವು. ಯಂತ್ರ ಒಮ್ಮೆಯೂ ಕುಂಯ್ ಎನ್ನಲಿಲ್ಲ.

ಗಾಡಿ ಬಾಗಿಲಿಗೆ ಬಂದಾಗ ಚಾಲಕ ಕೇಳಿದ: “ಈ ಕತ್ತಲಾಗ ಯಾರ್ರೀ ದಾರಿ ಬರದು ಕಳಿಸಿದ್ದು?”

ಮಾಸ್ತರರ ದನಿ ಈಗ ನೆಟ್ಟಗೆ ಎದೆಯಿಂದ ಬಂತು: “ನಮ್ಮ ನೀಲವ್ವ!”